ಸ್ವಂತ ಮನೆಯಲ್ಲೇ ಕಣ್ಮರೆಯಾಗಿದ್ದ ನೆಜುಸಾನ್

ನಮ್ಮ ಹಮಾಇರಿ ಊರಿನ ಕಾಮೊಮೆ ಬೀದಿಯಲ್ಲಿ ಯಾರಾದರೂ ನೆಜುಸಾನ್ ವಿಷಯ ಎತ್ತಿದರೆ ಇಡೀ ಬೀದಿ ನನ್ನ ಅಂಗಡಿಯ ಕಡೆ ಕೈ ತೋರಿಸುತ್ತದೆ. ತಪ್ಪು ಶುರುವಾದದ್ದೇ ಅಲ್ಲಿ ಎಂಬುದು ಅವರ ವಾದ. ನಾನು ಇಲ್ಲಿ ಮೂವತ್ತೆಂಟು ವರ್ಷದಿಂದ ಕ್ಷೌರ ಮಾಡುತ್ತಿದ್ದೇನೆ. ಇದುವರೆಗೆ ಒಬ್ಬರ ಕಿವಿಗೂ ಕತ್ತರಿ ತಾಗಿಸಿದವನಲ್ಲ. ಬಾಯಿಯ ವಿಷಯದಲ್ಲಿ ಮಾತ್ರ ಅಷ್ಟು ಧೈರ್ಯವಾಗಿ ಹೇಳಲಾರೆ.

ಅದು ಜೂನ್ ತಿಂಗಳು. ಮಳೆ ಹಿಡಿದು ಎಂಟು ದಿನವಾಗಿತ್ತು. ನಮ್ಮ ಬೀದಿಗೆ ಮೇಲೊಂದು ಚಾವಣಿ ಇದೆ. ಗಿರಾಕಿಗಳು ನೆನೆಯದೆ ಸಾಮಾನು ಕೊಳ್ಳಲಿ ಎಂದು ಹಿರಿಯರು ಹಾಕಿಸಿದ್ದು. ಈಗ ಆ ಚಾವಣಿ ಸೋರುತ್ತದೆ, ಕೆಳಗೆ ಗಿರಾಕಿಗಳಿಲ್ಲ. ಹತ್ತು ಅಂಗಡಿಗಳಲ್ಲಿ ಆರು ಕಾಯಂ ಆಗಿ ಷಟರ್ ಎಳೆದಿವೆ. ಮಳೆಗಾಲದಲ್ಲಿ ಬೀದಿಯ ಉದ್ದಕ್ಕೂ ಮನುಷ್ಯರಿಗಿಂತ ಬಕೆಟ್ಟುಗಳೇ ಹೆಚ್ಚು.

ಮುಚ್ಚಿಹೋದ ಹಾಸಿಗೆ ಅಂಗಡಿಯ ಮಹಡಿಯಲ್ಲಿ ನಾಲ್ಕು ಜನ ಯುವಕರ ಬ್ಯಾಂಡ್ ಒಂದು ಅಭ್ಯಾಸ ಮಾಡುತ್ತಿತ್ತು. ಹೆಸರು 'ಮಧ್ಯಾಹ್ನದ ಈಜುಕೊಳ'. ಅವರು ಹುಟ್ಟುವುದಕ್ಕೆ ಇಪ್ಪತ್ತು ವರ್ಷ ಮುಂಚೆ ನಮ್ಮ ಕಾಲದಲ್ಲಿ ರೇಡಿಯೋದಲ್ಲಿ ಬರುತ್ತಿದ್ದ ಪಾಪ್, ಫಂಕ್ ಸಂಗೀತವನ್ನು ಅದೇ ಸದ್ದಿನಲ್ಲಿ, ಅದೇ ಮೆರುಗಿನಲ್ಲಿ ಮತ್ತೆ ಹುಟ್ಟಿಸಬೇಕೆಂಬುದು ಅವರ ಹಟ. ಹಾಡುಗಳಲ್ಲೆಲ್ಲ ಕಡಲ ತೀರ, ಟಾಪಿಲ್ಲದ ಕಾರು, ಗ್ಲಾಸಿನಲ್ಲಿ ಐಸಿನ ಚೂರು. ನಾಲ್ವರಲ್ಲಿ ಒಬ್ಬರಿಗೂ ಕಾರಿಲ್ಲ. ಡ್ರಮ್ಮು ಬಾರಿಸುವವನಿಗೆ ಈಜು ಬರುವುದಿಲ್ಲ. ಅವರ ಹಳೆಯ ಕೀಬೋರ್ಡು ಮಳೆಯ ತೇವಕ್ಕೆ ಕೆಮ್ಮಿದರೆ ನನ್ನ ಅಂಗಡಿಯಿಂದ ಹೇರ್ ಡ್ರೈಯರ್ ಒಯ್ದು ಅದಕ್ಕೆ ಬಿಸಿಗಾಳಿ ಊದುತ್ತಿದ್ದರು. ಐದನೆಯವನಾಗಿದ್ದ ಬೇಸ್ ಗಿಟಾರಿನ ಹುಡುಗ ಮನೆ ಬಾಡಿಗೆಗೆ ಕೊಡಿಸುವ ಆಫೀಸಿನಲ್ಲಿ ಕೆಲಸ ಸಿಕ್ಕಿತೆಂದು ಬಿಟ್ಟು ಹೋಗಿದ್ದ.

ಬ್ಯಾಂಡಿನ ನಾಯಕ ಸೊಮೆಯಾ. ಇಪ್ಪತ್ತಾರು ವರ್ಷ, ಅಪ್ಪನ ಕಾಲದ ಅಗಲ ಭುಜದ ಕೋಟು, ಯಾವಾಗಲೂ ಸಾವಿನ ಮನೆಯಿಂದ ಬಂದವನ ಮುಖ. ಅವನು ಒಂದು ದಿನ ನನ್ನ ಅಂಗಡಿಗೆ ಬಂದು, ಹಳೆಯ ರೆಕಾರ್ಡಿನ ಕವರೊಂದನ್ನು ತೋರಿಸಿ, ಅದರಲ್ಲಿರುವವರ ಹಾಗೆಯೇ ಕೂದಲನ್ನು ಅಲೆ ಅಲೆ ಮಾಡಿಕೊಡಿ ಎಂದ. ತಲೆಗೆ ಸುರುಳಿ ಸುತ್ತುತ್ತಿದ್ದಾಗ ತನ್ನ ಇಯರ್‌ಫೋನನ್ನು ನನ್ನ ಕಿವಿಗೆ ತುರುಕಿದ.

"ಸಾಕುಮಾಸಾನ್, ಹಾಡೋರನ್ನ ಬಿಡಿ. ಕೆಳಗಡೆ ಬೇಸ್ ಕೇಳಿ. ಮನುಷ್ಯ ನುಡಿಸಿದ ಹಾಗಿದೆಯಾ? ಯಾರೋ ಮೆಟ್ಟಿಲಿಳಿದು ಹೋಗ್ತಾ ಹೋಗ್ತಾ ನಿಂತು ವಾಪಸ್ ನೋಡಿದ ಹಾಗಿಲ್ವಾ?"

ನನಗೆ ಡಬ್ ಡಬ್ ಎಂದಷ್ಟೇ ಕೇಳಿಸಿತು. "ಇದೆ, ಇದೆ," ಅಂದೆ.

"ಕವರಿನ ಹಿಂದೆ ಇಂಗ್ಲಿಷ್ ಅಕ್ಷರದಲ್ಲಿ ಎಫ್. ನೆಜು ಅಂತ ಮಾತ್ರ ಇದೆ. ಎಂಬತ್ತೆರಡರ ರೆಕಾರ್ಡು. ಎಂಬತ್ತಾರರ ನಂತರ ಆ ಮಹಾನುಭಾವರು ಎಲ್ಲೂ ಇಲ್ಲ. ಒಂದು ಫೋಟೊ ಇಲ್ಲ. ಬದುಕಿದ್ದಾರೋ ಇಲ್ಲವೋ." ಅವನ ಕಣ್ಣಲ್ಲಿ ನೀರು ಬಂತು. ಸುರುಳಿಯ ಔಷಧಿಗೂ ಬಂದಿರಬಹುದು.

ಹಿಂದೆ ಕಾಯುವ ಕುರ್ಚಿಯಲ್ಲಿ ನೆಜು ಫುಮಿಹಿಕೊ, ಗೌರವದ 'ಸಾನ್' ಸೇರಿಸಿ ಎಲ್ಲರೂ ಕರೆಯುವ ನೆಜುಸಾನ್, ಕೂತಿದ್ದರು. ರೈಲು ಕಂಪನಿಯಲ್ಲಿ, ಪ್ರಯಾಣಿಕರು ಮರೆತುಹೋದ ಸಾಮಾನುಗಳ ಕೌಂಟರಿನಲ್ಲಿ, ಸುಮಾರು ನಲವತ್ತು ವರ್ಷ ಕೆಲಸ ಮಾಡಿದವರು. ದಿನಕ್ಕೆ ನೂರು ಜನ ಬಂದು 'ನನ್ನ ಕೊಡೆ ಸಿಕ್ತಾ?' 'ನನ್ನ ಹಲ್ಲಿನ ಸೆಟ್ ಸಿಕ್ತಾ?' ಎಂದು ಆಸೆಯಿಂದ ಕೇಳುತ್ತಿದ್ದರಂತೆ. ನಿವೃತ್ತಿಯಾಗಿ ನಾಲ್ಕು ವರ್ಷ. ಈಗ ಯಾರೂ ಅವರನ್ನು ಏನೂ ಕೇಳುವುದಿಲ್ಲ. ಎರಡು ತಿಂಗಳಿಗೊಮ್ಮೆ ಕತ್ತರಿಸುವಷ್ಟು ಕೂದಲಿಟ್ಟುಕೊಂಡು ದಿನ ಬಿಟ್ಟು ದಿನ ನನ್ನ ಅಂಗಡಿಗೆ ಬಂದು ಕೂರುತ್ತಿದ್ದರು.

"ಅಷ್ಟಕ್ಕೆ ಯಾಕಪ್ಪಾ ಅಳ್ತೀಯ?" ಅಂದೆ ನಾನು. "ಹಿಂದೆ ತಿರುಗಿ ನೋಡು. ಎಫ್. ನೆಜು ಹೋದ ವಾರದ ಪೇಪರ್ ಓದ್ತಾ ಕೂತಿದ್ದಾರೆ."

ಅದೊಂದು ತಮಾಷೆ. ನಾನು ದಿನಕ್ಕೆ ಇಪ್ಪತ್ತು ತಮಾಷೆ ಮಾಡುತ್ತೇನೆ. ಹತ್ತೊಂಬತ್ತು ಕೂದಲಿನ ಜೊತೆ ನೆಲಕ್ಕೆ ಬೀಳುತ್ತವೆ, ಸಂಜೆ ಗುಡಿಸಿ ಹಾಕುತ್ತೇನೆ. ಇದು ಬೀಳಲಿಲ್ಲ.

ಸೊಮೆಯಾ ಕುರ್ಚಿ ಸಮೇತ ತಿರುಗಿದ. "ತಾವು... ತಾವು ಎಂಬತ್ತೆರಡರಲ್ಲಿ ಬೇಸ್ ನುಡಿಸ್ತಿದ್ರಾ?"

ನೆಜುಸಾನ್ ಪೇಪರ್ ಕೆಳಗಿಟ್ಟರು. ಆ ವರ್ಷದ ಕೊನೆಯಲ್ಲಿ ರೈಲ್ವೆ ನೌಕರರ ಪಾರ್ಟಿಯಲ್ಲಿ, ನಿಜವಾಗಿ ನುಡಿಸಬೇಕಾದವನಿಗೆ ಗದ್ದಬಾವು ಬಂದದ್ದರಿಂದ, ಅವರು ಎರಡು ಹಾಡಿಗೆ ಬೇಸ್ ಹಿಡಿದು ನಿಂತಿದ್ದರು. ಜನವರಿಯ ಹೊತ್ತಿಗೆ ಗದ್ದ ಇಳಿದವನು ತನ್ನ ಜಾಗಕ್ಕೆ ವಾಪಸು ಬಂದ.

"ಹೂಂ, ನುಡಿಸ್ತಿದ್ದೆ," ಎಂದರು ನೆಜುಸಾನ್. ಸ್ವಲ್ಪ ತಡೆದು, "ಆಮೇಲೆ ಬಿಟ್ಬಿಟ್ಟೆ," ಎಂದು ನಿಟ್ಟುಸಿರಿಟ್ಟರು.

ಇದರಲ್ಲಿ ಸುಳ್ಳು ಎಲ್ಲಿದೆ ಎಂದು ನಾನು ಎಷ್ಟೋ ಸಲ ಹುಡುಕಿದ್ದೇನೆ. ಸಿಕ್ಕಿಲ್ಲ.

ಸೊಮೆಯಾ ಕುರ್ಚಿಯಿಂದ ಹಾರಿ, ಕೊರಳಿಗೆ ಬಟ್ಟೆ, ತಲೆಗೆ ಹತ್ತೊಂಬತ್ತು ಸುರುಳಿ ಸಮೇತ, ಬೇರೆಯವರ ಕೂದಲಿನ ಮೇಲೆ ಮಂಡಿಯೂರಿ ಹಣೆಯನ್ನು ನೆಲಕ್ಕೆ ಹಚ್ಚಿದ. "ಗುರುಗಳೇ!"

ನೆಜುಸಾನ್ ಗಾಬರಿಯಿಂದ ಎದ್ದು ತಾವೂ ಬಾಗಿದರು. ಒಬ್ಬರು ಬಾಗಿದಾಗ ಇನ್ನೊಬ್ಬರು ನೆಟ್ಟಗೆ ನಿಲ್ಲುವುದು ಹೇಗೆ? ಅವನು ಮತ್ತೆ ಬಾಗಿದ, ಇವರು ಮತ್ತೆ ಬಾಗಿದರು. ಬಾಗುವುದೆಲ್ಲ ಮುಗಿಯುವಷ್ಟರಲ್ಲಿ ವಿಷಯ ಇತ್ಯರ್ಥವಾಗಿಬಿಟ್ಟಿತ್ತು.

ಮಾರನೆಯ ದಿನ ಬ್ಯಾಂಡಿನ ನಾಲ್ವರೂ ಸಿಹಿ ಡಬ್ಬಿ ಹಿಡಿದು ನೆಜುಸಾನ್ ಮನೆ ಬಾಗಿಲಿಗೆ ಹೋದರು. ಬಾಗಿಲು ತೆಗೆದದ್ದು ಅವರ ಹೆಂಡತಿ ತೊಕಿಎಸಾನ್. ಆಕೆ ಬೆಳಿಗ್ಗೆ, ಮಾರಾಟಕ್ಕೆ ಊಟದ ಡಬ್ಬಿ ತಯಾರಿಸುವ ಅಡುಗೆಮನೆಯ ಕೆಲಸದಲ್ಲಿ ಮುನ್ನೂರು ಮೊಟ್ಟೆ ಒಡೆದು ಬಂದಿದ್ದರು.

"ಗುರುಗಳು ಇದ್ದಾರಾ?"

"ಯಾವ ಗುರುಗಳು?"

"ನೆಜು ಗುರುಗಳು. ಸಂಗೀತದ ಮಹಾನುಭಾವರು."

"ನಮ್ಮನೇಲಿ ಇರೋದು ಒಂದೇ ನೆಜು. ಅನ್ನದ ಕುಕ್ಕರ್ ಕೂಗಿದ್ರೆ ಫೋನು ಅಂತ ಎತ್ಕೊಳ್ಳೋ ಮನುಷ್ಯ. ಅದೇನಾ ನಿಮಗೆ ಬೇಕಾಗಿರೋದು?"

ಹಾಡುವ ಹುಡುಗಿ ಮಿಸುಜು ಕಣ್ಣೊರೆಸಿಕೊಂಡಳು. "ನಲವತ್ತು ವರ್ಷ ಹೆಂಡತಿಗೂ ಹೇಳದೆ ಮುಚ್ಚಿಟ್ಟಿದ್ದಾರೆ," ಎಂದು ಸೊಮೆಯಾನ ಕಿವಿಯಲ್ಲಿ ಪಿಸುಗುಟ್ಟಿದಳು. ಒಳಗಿನಿಂದ ನೆಜುಸಾನ್ ಒಗೆದ ಷರಟು ಹಾಕಿಕೊಂಡು ಬಂದರು. ತೊಕಿಎಸಾನ್ ಗಂಡನನ್ನು ಮೇಲಿನಿಂದ ಕೆಳಗಿನವರೆಗೆ ನೋಡಿದರು.

"ರೀ, ಇವರಿಗೆಲ್ಲ ಏನು ಹೇಳಿದ್ರಿ?"

"ಏನೂ ಹೇಳಿಲ್ವೇ."

"ಅದೇ ಮತ್ತೆ. ನೀವು ಏನೂ ಹೇಳದೇ ಇದ್ದಾಗಲೇ ನನಗೆ ಭಯ."

ಅಭ್ಯಾಸಕ್ಕೆ ಕರೆದರು. ನೆಜುಸಾನ್ ಹೋದರು. ಅಲ್ಲಿಗೆ ಕೀಬೋರ್ಡಿಗೆ ಬಿಸಿಗಾಳಿ ಕೊಡಲು ನಾನೂ ಹೋಗಿದ್ದೆ, ಆದ್ದರಿಂದ ಕಣ್ಣಾರೆ ಕಂಡದ್ದು ಹೇಳುತ್ತೇನೆ. ಬೇಸ್ ಗಿಟಾರನ್ನು ಅವರ ಕೊರಳಿಗೆ ಹಾಕಿದರು. ಹಾಡು ಶುರುವಾಯಿತು. ನೆಜುಸಾನ್ ಮುಖ ಬೆವರಿತು. ಒಂದು ಸಾಲು ಹೋಯಿತು, ಎರಡು ಸಾಲು ಹೋಯಿತು, ಅವರ ಬೆರಳು ಅಲ್ಲಾಡಲಿಲ್ಲ. ಮೂರನೆಯ ಸಾಲಿನ ಕೊನೆಯಲ್ಲಿ, ಎಲ್ಲರೂ ನಿಲ್ಲಿಸಿದ ಮೇಲೆ, 'ಡುಮ್' ಎಂದು ಒಂದೇ ಒಂದು ಸ್ವರ ಬಂತು.

ಹೊರಗೆ ಬಕೆಟ್ಟಿಗೆ ನೀರು ತೊಟ್ಟಿಕ್ಕುವ ಸದ್ದು.

"ಕೇಳಿದ್ರಾ?" ಎಂದ ಸೊಮೆಯಾ, ಹಲ್ಲು ಕಚ್ಚಿಕೊಂಡು. "ನಾವೆಲ್ಲ ಸದ್ದು ಮಾಡ್ತಿದ್ವಿ. ಅವರು ಕಾದರು. ನಮ್ಮ ಗದ್ದಲ ಮುಗೀಲಿ ಅಂತ ಕಾದರು!"

ಹಾಡನ್ನು ಆ ಒಂದು ಸ್ವರದ ಸುತ್ತ ಹೊಸದಾಗಿ ಕಟ್ಟಲಾಯಿತು. ಪ್ರತಿ ಮೂರು ಸಾಲಿಗೊಮ್ಮೆ ಎಲ್ಲರೂ ನಿಲ್ಲುವುದು, ನೆಜುಸಾನ್ 'ಡುಮ್' ಎನ್ನಿಸುವುದು, ಎಲ್ಲರೂ ಕಣ್ಣು ಮುಚ್ಚುವುದು.

ನೆಜುಸಾನ್ ಸತ್ಯ ಹೇಳಲು ಯತ್ನಿಸಲಿಲ್ಲ ಎನ್ನುವಂತಿಲ್ಲ. ಒಂದು ಸಂಜೆ ಸೊಮೆಯಾನನ್ನು ಪಕ್ಕಕ್ಕೆ ಕರೆದರು. "ನೋಡಪ್ಪಾ, ನಾನು ಅಷ್ಟೂ ವರ್ಷ ಇದ್ದದ್ದು ಮರೆತುಹೋದ ಸಾಮಾನಿನ ಕೌಂಟರ್‌ನಲ್ಲಿ. ಜನ ಬಿಟ್ಟು ಹೋಗಿದ್ದನ್ನ ಕಾಯ್ಕೊಂಡು ಕೂತಿದ್ದೆ. ಅವರು ಬಂದು ಕೇಳಿದ್ರೆ ಕೊಡೋದು. ಕೇಳದೇ ಇದ್ರೆ ಮೂರು ತಿಂಗಳು ಇಟ್ಕೊಳ್ಳೋದು."

ಸೊಮೆಯಾ ಜೇಬಿನಿಂದ ಪುಸ್ತಕ ತೆಗೆದು ಗೀಚಿಕೊಂಡ. "ಮುಂದೆ ಹೇಳಿ ಗುರುಗಳೇ. 'ಕೇಳದೇ ಇದ್ದರೆ ಮೂರು ತಿಂಗಳು', ಆಮೇಲೆ?"

ಎರಡು ದಿನದಲ್ಲಿ ಅದು ಹಾಡಾಗಿ, ಮಿಸುಜು ಅದನ್ನು ಹಾಡಿ, ಬೀದಿಯ ಮೀನಿನಂಗಡಿಯಾಕೆ ಕೇಳಿ ಅತ್ತೂ ಆಗಿತ್ತು.

ನಾನಾದರೂ ಹೇಳಬಹುದಿತ್ತು. ಹೇಳಬೇಕೆಂದೇ ಇದ್ದೆ. ಆದರೆ ಆ ವಾರ ನೆಜುಸಾನ್ ಕೂರುವ ಕುರ್ಚಿ ನೋಡಲೆಂದು ಹನ್ನೊಂದು ಜನ ಗಿರಾಕಿಗಳು ಬಂದರು. ನನ್ನ ಬಾಯಿ ಆ ಹನ್ನೊಂದು ತಲೆಗಳ ಮೇಲೆ ಕೆಲಸದಲ್ಲಿತ್ತು.

ಅಷ್ಟರಲ್ಲಿ ಬೀದಿಯ ವರ್ತಕರ ಸಂಘದ ಅಧ್ಯಕ್ಷ ಕುಮೆತಾಸಾನ್ ಪ್ರವೇಶವಾಯಿತು. ತತಾಮಿ ಚಾಪೆಯ ವ್ಯಾಪಾರಿ, ಎಪ್ಪತ್ತೆರಡು ವರ್ಷ, ಕಳೆದ ಐದು ವರ್ಷದಿಂದ ಬೀದಿಯನ್ನು ಉಳಿಸುತ್ತಿರುವವರು; ಅವರು ಉಳಿಸಲು ಶುರುಮಾಡಿದ ಮೇಲೆ ನಾಲ್ಕು ಅಂಗಡಿ ಮುಚ್ಚಿವೆ. ಬೀದಿಗೆ ಎಪ್ಪತ್ತು ತುಂಬುವ ಸಮಾರಂಭ ಜೂನ್ ಕೊನೆಯ ಭಾನುವಾರ ಇತ್ತು, ಕಾರ್ಯಕ್ರಮ ಏನೂ ಇರಲಿಲ್ಲ.

"ಫ್ರಾನ್ಸಿಂದ ಜನ ಈ ಸಂಗೀತ ಹುಡುಕ್ಕೊಂಡು ಬರ್ತಾರಂತೆ," ಎಂದು ನನ್ನ ಕುರ್ಚಿಯಲ್ಲಿ ಕೂತು ಘೋಷಿಸಿದರು. "ಬಂದ ಮೇಲೆ ಅವರಿಗೂ ಕೂರೋಕೆ ಚಾಪೆ ಬೇಕಲ್ಲ?"

ನಗರಸಭೆಯ ಸಂಸ್ಕೃತಿ ವಿಭಾಗಕ್ಕೆ ಬರೆದರು. ಅಲ್ಲಿಂದ ಒನೊದೆರಾ ಎಂಬ ಅಧಿಕಾರಿ ಬಂದ. ಮೂವತ್ತು ದಾಟಿರದ, ತುಂಬಾ ವಿನಯದ ಹುಡುಗ. ಮಳೆಯಲ್ಲಿ ತಾನು ನೆಂದಿದ್ದರೂ ಫೈಲಿಗೆ ಮೂರು ಪ್ಲಾಸ್ಟಿಕ್ ಹೊದಿಕೆ. ನೆಜುಸಾನ್ ಮನೆಯ ಮುಂದಿನ ಕೋಣೆಯಲ್ಲಿ ವಿಚಾರಣೆ ನಡೆಯಿತು. ಸಾಕ್ಷಿಯಾಗಿ ನನ್ನನ್ನೂ ಎಳೆದೊಯ್ದಿದ್ದರು.

"ಮರಳಿ ಪತ್ತೆಯಾದ ಕಲಾವಿದರು ಅನ್ನೋ ಶೀರ್ಷಿಕೆಯಲ್ಲಿ ತಮ್ಮ ಹೆಸರು ಸೇರಿಸ್ತಾ ಇದ್ದೀವಿ. ಕಣ್ಮರೆಯಾದ ದಿನಾಂಕ?"

"ನಾನು ಎಲ್ಲೂ ಹೋಗಿಲ್ಲ," ಎಂದರು ನೆಜುಸಾನ್. "ಮದುವೆ ಆದಾಗಿನಿಂದ ಇದೇ ಮನೆ."

ಒನೊದೆರಾ ಪೆನ್ನು ತಡೆದ. "ಹಾಗಂತ ಬರೆದ್ರೆ ಪತ್ತೆಯಾದವರು ಅಂತ ಬರೆಯೋ ಹಾಗಿಲ್ಲ. ಪತ್ತೆ ಆಗ್ಬೇಕು ಅಂದ್ರೆ ಮೊದಲು ಕಣ್ಮರೆ ಆಗಿರ್ಬೇಕು."

"ಆಗಿದ್ರು, ಆಗಿದ್ರು," ಎಂದರು ಕುಮೆತಾಸಾನ್. "ಪಕ್ಕದ ಬೀದಿಯ ನನಗೇ ಇವರು ಇದ್ದಾರೆ ಅಂತ ಗೊತ್ತಿರ್ಲಿಲ್ಲ."

"ನನಗೂ ಅಷ್ಟೆ," ಎಂದರು ತೊಕಿಎಸಾನ್, ಚಹಾ ಇಡುತ್ತಾ.

ಒನೊದೆರಾನ ಮುಖ ಬೆಳಗಿತು. 'ಕಣ್ಮರೆಯಾದ ಸ್ಥಳ: ಸ್ವಂತ ಮನೆ' ಎಂದು ದುಂಡಗೆ ಬರೆದು, ಮೊಹರು ಒತ್ತಿ, ಎದ್ದು ಬಾಗಿದ. ಎಲ್ಲರೂ ಬಾಗಿದೆವು.

ಹೊರಗೆ ಬಂದಾಗ ನೆಜುಸಾನ್ ನನ್ನ ತೋಳು ಹಿಡಿದರು. "ಸಾಕುಮಾಸಾನ್, ಇದು ಎಲ್ಲಿಗೆ ಹೋಗಿ ನಿಲ್ಲುತ್ತೆ?"

"ಭಾನುವಾರ ನಾಲ್ಕು 'ಡುಮ್' ಹೊಡೆದ್ರೆ ಮುಗೀತು. ಸೋಮವಾರ ಯಾರಿಗೂ ನೆನಪಿರಲ್ಲ," ಎಂದೆ. ಸುಳ್ಳು ಎಂದು ಲೆಕ್ಕಕ್ಕೆ ಬರುವ ಮಾತು ಈ ಇಡೀ ವ್ಯವಹಾರದಲ್ಲಿ ಅದೇ ಮೊದಲು. ಆಡಿದವನು ನಾನು.

ಗುರುವಾರದ ಸ್ಥಳೀಯ ಪತ್ರಿಕೆಯಲ್ಲಿ ಫೋಟೊ ಬಂತು. ಬೇಸ್ ಹಿಡಿದು, ಬಕೆಟ್ಟುಗಳ ನಡುವೆ, ಯಾರೋ ಬೈದಿದ್ದಾರೆ ಎನ್ನುವ ಮುಖದಲ್ಲಿ ನೆಜುಸಾನ್. ತೊಕಿಎಸಾನ್ ಅಣ್ಣ, ಮದುವೆಯ ದಿನದಿಂದಲೂ ಈ ತಂಗಿಯ ಗಂಡನ ಜೊತೆ ಮಾತು ಬಿಟ್ಟಿದ್ದವರು, ಒದವಾರಾದಿಂದ ಫೋನು ಮಾಡಿ, "ಮೊದಲೇ ಹೇಳ್ಬಾರ್ದಿತ್ತೇನಯ್ಯ, ಗೌರವ ಕೊಡ್ತಿದ್ದೆ," ಎಂದರಂತೆ. ಆ ರಾತ್ರಿ ನೆಜುಸಾನ್ ಎರಡು ಬಟ್ಟಲು ಅನ್ನ ಹೆಚ್ಚಿಗೆ ಉಂಡರೆಂದು ತೊಕಿಎಸಾನ್ ಹೇಳಿದರು.

ಭಾನುವಾರ ಮಧ್ಯಾಹ್ನ ಒಂದೂವರೆಗೆ ನಾನು ಅಂಗಡಿ ಮುಚ್ಚುತ್ತಿದ್ದೆ. ಒಬ್ಬ ಹೆಂಗಸು ಬಂದು ಬಾಗಿಲಲ್ಲಿ ಕೊಡೆ ಮಡಿಸಿದಳು. ನಲವತ್ತು ದಾಟಿರಬಹುದು. ಬೂದು ಬಣ್ಣದ ಕೋಟು. ಕೈಯಲ್ಲಿ ಪತ್ರಿಕೆಯ ಆ ತುಣುಕು.

"ಸಮಾರಂಭದ ಹಾಲ್ ಎಲ್ಲಿ? ಈ ನೆಜು ಅನ್ನೋರನ್ನ ನೋಡ್ಬೇಕಿತ್ತು."

"ಅಭಿಮಾನಿಗಳಾ?" ಎಂದೆ. ನನ್ನ ಬಾಯಿ ಸುಮ್ಮನಿರಬೇಕಲ್ಲ.

"ಮಗಳು," ಎಂದಳು.

ನಾನು ಬೀಗದ ಕೈ ಬೀಳಿಸಿದೆ. ಅವಳೇ ಬಗ್ಗಿ ಎತ್ತಿಕೊಟ್ಟಳು. ಹೆಸರು ಹಿಸಾಎ. ಬೆಳಗಿನ ರೈಲಿಗೆ ನಿಈಗಾತಾದಿಂದ ಬಂದಿದ್ದಳು.

"ನಮ್ಮಪ್ಪನ ಹೆಸರು ಫುಸಾಒ. ಇಲ್ಲಿ ಫುಮಿಹಿಕೊ ಅಂತಿದೆ. ಹೆಸರು ಬದಲಾಯಿಸ್ಕೊಂಡಿರ್ತಾರೆ ಬಿಡಿ, ಮನೆಯನ್ನೇ ಬದಲಾಯಿಸ್ಕೊಂಡೋರು." ಅವಳ ಧ್ವನಿಯಲ್ಲಿ ಸಿಟ್ಟಿರಲಿಲ್ಲ, ಬಸ್ಸಿನ ಸಮಯ ಹೇಳಿದ ಹಾಗೆ ಹೇಳಿದಳು. "ಆಗ ನನಗೆ ಐದು ವರ್ಷ. ಅಮ್ಮನ ಹೊಲಿಗೆ ಮೆಷಿನ್ನಿನ ಬೆಲ್ಟು ತುಂಡಾಗಿತ್ತು, ತರ್ತೀನಿ ಅಂತ ಹೋದ್ರು. ಅಮ್ಮ ಈಗ ಆಸ್ಪತ್ರೇಲಿದ್ದಾರೆ. ಡಾಕ್ಟರು ಇನ್ನೊಂದು ತಿಂಗಳು ಅಷ್ಟೇ ಅಂತಾರೆ. ಪೇಪರ್ ತೋರಿಸ್ದೆ. ಕರ್ಕೊಂಡು ಬರ್ತೀಯಾ ಅಂದ್ರು. ಬೈಯೋಕಾ ಅಂತ ಕೇಳ್ದೆ. ಇಲ್ಲ, ಸುಮ್ನೆ ನೋಡೋಕೆ ಅಂದ್ರು."

ಆಗಲೇ ಹೇಳಬೇಕಿತ್ತು. ಹೇಳಲು ಬಾಯಿ ತೆರೆದೆ. ಮೂವತ್ತೆಂಟು ವರ್ಷ ಎಂದೂ ಕೈಕೊಡದ ಆ ಬಾಯಿ ಅವತ್ತು ಕೈಕೊಟ್ಟಿತು. "ಹಾಲ್ ಆ ಕಡೆ," ಎಂದೆ. ಅವಳ ತಲೆಯ ಮೇಲೆ ನನ್ನ ಕೊಡೆ ಹಿಡಿದು ಕರೆದುಕೊಂಡು ಹೋದೆ.

ಹಾಲ್‌ನಲ್ಲಿ ಅರವತ್ತು ಜನ ಸೇರಿದ್ದರು. ತಗಡಿನ ಚಾವಣಿಯ ಮೇಲೆ ಮಳೆ. ವೇದಿಕೆಯ ಹಿಂದೆ ತಾಳೆಮರ, ನೀಲಿ ಕಡಲು, ಸೂರ್ಯ ಇರುವ ದೊಡ್ಡ ಪರದೆ; ಒಂದು ಮೂಲೆ ಒದ್ದೆಯಾಗಿ ಸೂರ್ಯನ ಬಣ್ಣ ಕಡಲಿಗೆ ಇಳಿಯುತ್ತಿತ್ತು. ಪಕ್ಕದ ಅಡುಗೆಕೋಣೆಯನ್ನೇ ಕಲಾವಿದರ ಕೋಣೆ ಮಾಡಿದ್ದರು. ಅಲ್ಲಿ ನೆಜುಸಾನ್, ತೊಕಿಎಸಾನ್, ಸೊಮೆಯಾ, ಕುಮೆತಾಸಾನ್, ಒನೊದೆರಾ ಎಲ್ಲರೂ ಇದ್ದರು. ನೆಜುಸಾನ್ ಕಾಲರಿಗೆ ಆಗಷ್ಟೇ ಚಿಕ್ಕ ಮೈಕು ಸಿಕ್ಕಿಸಿದ್ದರು. ಅದು ಚಾಲೂ ಇದೆ ಎಂದು ಯಾರಿಗೂ ಗೊತ್ತಿರಲಿಲ್ಲ.

ಹಿಸಾಎ ಅವರ ಮುಂದೆ ನಿಂತು ಬಹಳ ಹೊತ್ತು ನೋಡಿದಳು. "ನಾನು ಹಿಸಾಎ. ಬೆಲ್ಟು ಸಿಕ್ತಾ?" ಎಂದಳು.

"ಯಾವ ಬೆಲ್ಟು?" ಎಂದರು ನೆಜುಸಾನ್. ಅವರು ಗಾಬರಿಯಾದಾಗ ಕೌಂಟರಿನ ದನಿ ತಾನಾಗಿಯೇ ಬರುತ್ತಿತ್ತು. "ಯಾವ ರೈಲಿನಲ್ಲಿ ಬಿಟ್ರಿ? ಬಣ್ಣ ಏನು?"

ಅವಳ ಮುಖ ಬಿಳಿಚಿತು. ನಾನು ಮಧ್ಯೆ ನುಗ್ಗಿ ಅವರ ಕಿವಿಯಲ್ಲಿ ಎಲ್ಲವನ್ನೂ ಎರಡು ಮಾತಿನಲ್ಲಿ ಹೇಳಿದೆ: ನಿಜವಾದವನ ಮಗಳು, ತಾಯಿ ಸಾಯುತ್ತಿದ್ದಾಳೆ, ಅಪ್ಪನನ್ನು ಕರೆದೊಯ್ಯಲು ಬಂದಿದ್ದಾಳೆ. ನೆಜುಸಾನ್ ಕೈಕಟ್ಟಿ ನೇರವಾಗಿ ನಿಂತು ಹೇಳಿದರು:

"ಅಮ್ಮಾ, ನಾನು ನಿಮ್ಮಪ್ಪ ಅಲ್ಲ. ನಾನು ಆ ಕಲಾವಿದನೂ ಅಲ್ಲ. ರೈಲ್ವೆಯವನು. ತಪ್ಪಾಯ್ತು."

ಮೂರು ವಾರದಲ್ಲಿ ಮೊದಲ ಸಲ ಅವರು ನಿಜವನ್ನು ಪೂರ್ತಿಯಾಗಿ ಹೇಳಿದ್ದರು. ಒಬ್ಬರೂ ನಂಬಲಿಲ್ಲ.

"ಗುರುಗಳೇ!" ಎಂದು ಸೊಮೆಯಾ ಚೀರಿದ. "ಇನ್ನೂ ಎಷ್ಟು ಅಡಗ್ತೀರಿ? ಮಗಳ ಮುಂದೆಯೂ?"

"ಕಲಾವಿದರಿಗೆ ಸಂಕೋಚ ಜಾಸ್ತಿ," ಎಂದು ಕುಮೆತಾಸಾನ್ ಹಿಸಾಎಗೆ ಸಮಾಧಾನ ಹೇಳಿದರು. "ನೀವು ಅಪ್ಪಾ ಅಂತ ಒಂದ್ಸಲ ಕರೀರಿ, ಕರಗ್ತಾರೆ."

"ದಾಖಲೆ ಪ್ರಕಾರ ಇವರೇ," ಎಂದ ಒನೊದೆರಾ, ಫೈಲನ್ನು ಎದೆಗೊತ್ತಿಕೊಂಡು. "ಮೊಹರು ಬಿದ್ದಿದೆ."

"ಅಯ್ಯೋ, ನನ್ನ ಮಾತು ಕೇಳ್ರಿ," ಎಂದರು ತೊಕಿಎಸಾನ್. "ಈ ಮನುಷ್ಯನ ಜೊತೆ ಮೂವತ್ತೆಂಟು ವರ್ಷ ಸಂಸಾರ ಮಾಡಿದೀನಿ. ಬೇರೆ ಕಡೆ ಒಂದು ಸಂಸಾರ ಇಟ್ಟು ಬಿಟ್ಟು ಬರೋ ಅಷ್ಟು ಚುರುಕು ಇವರಲ್ಲಿಲ್ಲ!"

ಹಿಸಾಎ ತೊಕಿಎಸಾನ್ ಕಡೆ ತಿರುಗಿದಳು. "ನೀವು ಹೆಂಡ್ತಿನಾ?" ಎಂದಳು. "ಮೂವತ್ತೆಂಟು ವರ್ಷ. ಹಾಗಾದ್ರೆ ಅಪ್ಪ ಹೋದ ಮುಂದಿನ ವರ್ಷವೇ ಮದುವೆ." ಬೆರಳು ಮಡಿಸಿ ಎಣಿಸಿದ ಲೆಕ್ಕ ಸರಿಯಾಗಿತ್ತು, ಮನುಷ್ಯ ಬೇರೆಯವನಾಗಿದ್ದ; ಆದರೆ ಅದನ್ನು ತಿದ್ದುವ ಸಮಯ ಯಾರಿಗೂ ಸಿಗಲಿಲ್ಲ. ನೆಜುಸಾನ್ ಕಡೆ ತಿರುಗಿ, "ನನ್ನ ಮುಖ ನೋಡ್ಕೊಂಡು ಅಲ್ಲ ಅಂದ್ರಲ್ಲ," ಎಂದು ಅವರ ಕೆನ್ನೆಗೆ ಬಾರಿಸಿದಳು.

ಮೈಕು ತನ್ನ ಕೆಲಸ ಮಾಡಿತು. ಹಾಲ್‌ನ ನಾಲ್ಕು ಮೂಲೆಯ ಸ್ಪೀಕರುಗಳಲ್ಲಿ ಏಟು 'ಛಟೀರ್' ಎಂದು ಗುಡುಗಿತು. ಅರವತ್ತು ಜನ ಉಸಿರು ಹಿಡಿದದ್ದು ನಮಗೆ ಗೋಡೆಯಾಚೆ ಕೇಳಿಸಿತು. ಯಾರೋ ಒಬ್ಬರು ಕಾರ್ಯಕ್ರಮ ಶುರುವಾಯಿತೆಂದು ಚಪ್ಪಾಳೆ ತಟ್ಟಿದರು.

ನೆಜುಸಾನ್ ಕೆನ್ನೆ ಮುಟ್ಟಿಕೊಳ್ಳಲಿಲ್ಲ. "ನಿಮಗೆ ಅವರು ನುಡಿಸಿದ್ದು ಗೊತ್ತಾ?" ಎಂದು ಕೇಳಿದರು.

"ಗೊತ್ತಿಲ್ದೆ ಏನು. ಪ್ರತಿ ಭಾನುವಾರ ಅಮ್ಮ ಇಸ್ತ್ರಿ ಮಾಡ್ತಾ ಆ ರೆಕಾರ್ಡ್ ಹಾಕೋರು. ನಿದ್ದೇಲೂ ಹೇಳ್ತೀನಿ."

"ಹಾಗಾದ್ರೆ ಬನ್ನಿ. ಮುಂದೆ ಕೂತ್ಕೊಳ್ಳಿ."

ಅವರು ಬೇಸ್ ಕೊರಳಿಗೆ ಹಾಕಿಕೊಂಡು ವೇದಿಕೆಗೆ ನಡೆದರು. ಬ್ಯಾಂಡಿನವರು ಓಡಿಹೋಗಿ ತಮ್ಮ ತಮ್ಮ ಜಾಗ ಹಿಡಿದರು. "ಹೊಸದಾಗಿ ಕಟ್ಟಿದ್ದಲ್ಲ," ಎಂದರು ನೆಜುಸಾನ್. "ರೆಕಾರ್ಡ್‌ನಲ್ಲಿ ಇದ್ದ ಹಾಗೆ. ಮೊದಲಿಂದ ಕೊನೆಯವರೆಗೆ."

ಸೊಮೆಯಾನ ಮುಖದಲ್ಲಿ ಜನ್ಮ ಸಾರ್ಥಕವಾದ ಕಳೆ. ಎಣಿಸಿ ಶುರು ಮಾಡಿದ.

ನಾನು ಅನೇಕ ಕೆಟ್ಟ ಸಂಗೀತ ಕೇಳಿದ್ದೇನೆ. ವರ್ತಕರ ಸಂಘದಲ್ಲಿ ಇರುವವರಿಗೆ ಅದು ತಪ್ಪದು. ಆದರೆ ಅಂಥದ್ದನ್ನು ಕೇಳಿರಲಿಲ್ಲ, ಮುಂದೆ ಕೇಳಲಾರೆ. ನೆಜುಸಾನ್ ಒಂದು ಸ್ವರವನ್ನೂ ಬಿಡಲಿಲ್ಲ, ಒಂದನ್ನೂ ಸರಿಯಾಗಿ ಹಿಡಿಯಲಿಲ್ಲ. ತಂತಿ ಕಿರುಚಿತು, ಗೊರಕೆ ಹೊಡೆಯಿತು. ಮೊದಲ ಚರಣದವರೆಗೆ ಸೊಮೆಯಾ ಕಣ್ಣು ಮುಚ್ಚಿ ತಲೆದೂಗುತ್ತಿದ್ದ. ಎರಡನೆಯ ಚರಣದಲ್ಲಿ ಕಣ್ಣು ಬಿಟ್ಟ. ಮೂರನೆಯದಕ್ಕೆ ಕೀಬೋರ್ಡಿನಿಂದ ಕೈ ತೆಗೆದ. ಡ್ರಮ್ಮಿನವನೂ ನಿಲ್ಲಿಸಿದ. ಮಿಸುಜು ಒಬ್ಬಳು, ಎಲ್ಲಿ ನಿಲ್ಲಿಸಬೇಕೋ ತಿಳಿಯದೆ, ಬಿಸಿಲು ತುಂಬಿದ ಕಡಲಿನ ಬಗ್ಗೆ ಹಾಡುತ್ತಲೇ ಹೋದಳು. ಜನ ಎದ್ದು ಹೋಗತೊಡಗಿದರು. ಕುರ್ಚಿ ಮಡಿಸುವ ಸದ್ದು ತಾಳಕ್ಕೆ ಸರಿಯಾಗಿ ಬರುತ್ತಿತ್ತು. ನೆಜುಸಾನ್ ಮೈಯೆಲ್ಲ ಬೆವರು. ಹಿಸಾಎಯನ್ನೇ ನೋಡುತ್ತಾ, ನಾಲ್ಕೂವರೆ ನಿಮಿಷ, ಕೊನೆಯ ಸ್ವರದವರೆಗೆ ನುಡಿಸಿ ಮುಗಿಸಿದರು.

"ನಂಬಿದ್ರಾ?" ಎಂದು ಕೇಳಿದರು.

ಹಿಸಾಎ ಮುಂದಿನ ಸಾಲಿನಲ್ಲಿ ಎರಡು ಕೈಯಿಂದ ಬಾಯಿ ಮುಚ್ಚಿಕೊಂಡು ಕೂತಿದ್ದಳು. ಭುಜ ಕುಲುಕುತ್ತಿತ್ತು. ನಗುತ್ತಿದ್ದಳೋ ಅಳುತ್ತಿದ್ದಳೋ ನನಗೆ ಇವತ್ತಿಗೂ ತಿಳಿಯದು. "ನಂಬಿದೆ," ಎಂದಳು.

ಆಮೇಲೆ ಎಲ್ಲರಿಗೂ ಧೈರ್ಯ ಬಂತು. ಕುಮೆತಾಸಾನ್ ತಮಗೆ ಮೊದಲಿನಿಂದಲೂ ಅನುಮಾನ ಇತ್ತೆಂದರು. ಒನೊದೆರಾ ಫೈಲು ತಿರುವಿ ಹಾಕುತ್ತಾ, "ಪತ್ತೆಯಾದವರು ಬೇರೆಯವರು ಅನ್ನೋದಕ್ಕೆ ಕಾಲಮ್ಮೇ ಇಲ್ಲವಲ್ಲ," ಎಂದು ಗೋಡೆಗೆ ಹೇಳುತ್ತಿದ್ದ. ಸೊಮೆಯಾ ವೇದಿಕೆಯಿಂದ ಇಳಿದು ಬಂದ. ಸುರುಳಿ ಕೂದಲು ತೇವಕ್ಕೆ ಜೋತುಬಿದ್ದಿತ್ತು.

"ನಾನು ನಿಮಗೆ ದಿನಾ ಬಾಗಿದ್ದೀನಿ," ಎಂದ. "ನೆಲಕ್ಕೆ ಹಣೆ ಹಚ್ಚಿದ್ದೀನಿ."

"ಹೌದಪ್ಪಾ," ಎಂದು ನೆಜುಸಾನ್ ಮಂಡಿಯೂರಲು ಹೋದರು. ಕೊರಳಲ್ಲಿದ್ದ ಬೇಸ್ ಅಡ್ಡ ಬಂದು ಅರ್ಧದಲ್ಲೇ ಸಿಕ್ಕಿಕೊಂಡರು. ಸೊಮೆಯಾ ಸ್ವಲ್ಪ ಹೊತ್ತು ನೋಡಿ, ಕೈ ಹಿಡಿದು ಎತ್ತಿದ.

ಹಿಸಾಎ ಹೊರಗಿನ ಜಗುಲಿಗೆ ಹೋಗಿ ಆಸ್ಪತ್ರೆಗೆ ಫೋನು ಹಚ್ಚಿದಳು. ತಾಯಿಗೆ ಕಿವಿ ಮಂದ; ಅವರ ಮಾತು ಫೋನಿನ ಹೊರಗೂ ಕೇಳುವಷ್ಟು ಜೋರು. ನಾನು ಕೊಡೆ ಹಿಡಿದು ನಿಂತಿದ್ದೆ, ನೆಜುಸಾನ್ ಕೆಂಪು ಕೆನ್ನೆಯೊಡನೆ ಪಕ್ಕದಲ್ಲಿ, ಅವರ ಹಿಂದೆ ತೊಕಿಎಸಾನ್.

"ಸಿಕ್ಕಿದ್ರಾ?" ಎಂದಿತು ಆ ಧ್ವನಿ.

"ಇಲ್ಲಮ್ಮ. ಇವರು ಅವರಲ್ಲ. ಬೇರೆ ಯಾರೋ."

ಮಳೆ ಸುರಿಯುತ್ತಿತ್ತು.

"ಸರಿ ಹಾಗಾದ್ರೆ," ಎಂದರು ಕೊನೆಗೆ. "ನರ್ಸ್ ಹುಡುಗಿ ಕೈಲಿ ಲಿಪ್‌ಸ್ಟಿಕ್ ಹಚ್ಚಿಸ್ಕೊಂಡಿದ್ದೆ. ಒರೆಸಿಬಿಡು ಅಂತೀನಿ." ಮತ್ತೆ, "ಅವರು ಅಲ್ಲೇ ಇದ್ದಾರಾ, ಆ ಬೇರೆ ಯಾರೋ? ಕೊಡು ಅವರಿಗೆ."

ನೆಜುಸಾನ್ ಎರಡೂ ಕೈಯಿಂದ ಫೋನು ತೆಗೆದುಕೊಂಡು, ಅದಕ್ಕೆ ಬಾಗಿದರು. "ತುಂಬಾ ತಪ್ಪಾಯ್ತು ತಾಯಿ."

"ಜೋರಾಗಿ ಹೇಳಿ! ಕೇಳ್ಸಲ್ಲ!"

"ತಪ್ಪಾಯ್ತು!" ಎಂದು ಅವರು ಕೂಗಿದರು. ಬೀದಿಯ ಕೊನೆಯಲ್ಲಿ ಹೋಗುತ್ತಿದ್ದವರು ತಿರುಗಿ ನೋಡಿದರು.

"ಹೆಂಡ್ತಿ ಇದ್ದಾಳಾ ನಿಮಗೆ?"

"ಇದ್ದಾಳೆ!"

"ಎಲ್ಲಿ?"

"ಇಲ್ಲೇ! ಹಿಂದೆ ನಿಂತಿದ್ದಾಳೆ!"

"ಮತ್ತೆ ಅಲ್ಲೇನು ಮಾಡ್ತಿದ್ದೀರಿ?" ಎಂದಿತು ಧ್ವನಿ. "ಮನೆಗೆ ಹೋಗ್ರೀ."

ಫೋನು ಕಟ್ಟಾಯಿತು. ನೆಜುಸಾನ್ ಅದನ್ನು ಕಿವಿಗೆ ಹಿಡಿದುಕೊಂಡೇ ಸ್ವಲ್ಪ ಹೊತ್ತು ನಿಂತರು. ಆಮೇಲೆ ಹಿಸಾಎಗೆ ಕೊಟ್ಟು, ಬಾಗಿ, ಮೆಟ್ಟಿಲಿಳಿದು ಮಳೆಯಲ್ಲಿ ನಡೆದರು. ತೊಕಿಎಸಾನ್ ಕೊಡೆ ಬಿಚ್ಚಿಕೊಂಡು ಹಿಂದೆ ಹೋದರು, ಹೋಗುತ್ತಲೇ 'ನಾಚಿಕೆ ಆಗ್ಬೇಕು ನಿಮಗೆ' ಎಂದು ಶುರು ಮಾಡಿದವರು ತಿರುವಿನವರೆಗೂ ನಿಲ್ಲಿಸಲಿಲ್ಲ. ಆದರೆ ಕೊಡೆಯ ಮುಕ್ಕಾಲು ಭಾಗ ಗಂಡನ ತಲೆಯ ಮೇಲೇ ಇತ್ತು. ಬ್ಯಾಂಡಿನ ಬೇಸ್ ಇನ್ನೂ ಅವರ ಕೊರಳಲ್ಲೇ ನೇತಾಡುತ್ತಿತ್ತು, ಮತ್ತು ಸೊಮೆಯಾ ಬಾಗಿಲಲ್ಲಿ ನಿಂತು ನೋಡುತ್ತಿದ್ದವನು, ಅದನ್ನು ವಾಪಸು ಕೇಳಲು ಅವರ ಹಿಂದೆ ಓಡಲಿಲ್ಲ.